ಹೂಂ ಅಂದ ಟೀಚರ್

ತಿಕೋಟಾ ಶಾಲೆಯಲ್ಲಿ ನನ್ನ ಜೊತೆಗಿದ್ದ ಗಣಿತದ ಟೀಚರ್ ಸೀಮೆಸುಣ್ಣದ ಕೈಯನ್ನು ಸೆರಗಿಗೆ ಒರೆಸಿಕೊಳ್ಳುತ್ತ, “ಹೂಂ ಅಂದಮ್ಯಾಲೆ ಮುಗೀತ್ರಿ” ಅನ್ನುತ್ತಿದ್ದುದು ಇನ್ನೂ ಕಿವಿಯಲ್ಲಿದೆ. ವಿಜಯಪುರದ ಶಿಬಿರವೊಂದರಲ್ಲಿ ಅವರು ಅಸ್ಥಿಮಜ್ಜೆ ದಾನಿಗಳ ಪಟ್ಟಿಗೆ ಹೆಸರು ಕೊಟ್ಟಿದ್ದರು. ಕೆಲವು ವರ್ಷಗಳ ಮೇಲೆ, ಯಾರೋ ರೋಗಿಗೆ ಅವರ ಮಜ್ಜೆ ಹೊಂದುತ್ತದೆಂದು ಫೋನ್ ಬಂತು. ಕೊಡಲು ಹೊರಟ ಮುಂಜಾನೆ ಅವರ ತಾಯಿ ಬಾಗಿಲಿಗೆ ಅಡ್ಡ ನಿಂತರು.

“ಈಗೂ ಒಲ್ಲೆ ಅನ್ನಾಕ ಬರತೈತಂತ. ಬ್ಯಾಡವ್ವಾ.”

“ಬರತೈತಿ ಬೇ. ಆದ್ರ ನಂದು ಹಾಕಾಕಂತ ಆ ಪೇಷಂಟಿನ ಸ್ವಂತ ಮಜ್ಜಿ ಔಷಧ ಕೊಟ್ಟು ನಾಶ ಮಾಡ್ಯಾರ. ನಾ ಹಿಂದ ಸರದ್ರ ಅವ್ರು ಉಳಿಯೂದಿಲ್ಲ.”

ತಾಯಿ ಬಾಗಿಲು ಬಿಟ್ಟು ಬುತ್ತಿ ಕಟ್ಟಿಕೊಟ್ಟರು.

ರೋಗಿ ಯಾರೆಂದು ದಾನಿಗೆ ತಿಳಿಸುವಂತಿರಲಿಲ್ಲ. ಮಜ್ಜೆ ಕೊಟ್ಟು ವರ್ಷವಾದ ಮೇಲೆ ಪಟ್ಟಿಯವರ ಮೂಲಕ ಹೆಸರಿಲ್ಲದ ಒಂದು ಚೀಟಿ ಬಂತು: ‘ನಾನೀಗ ಶಾಲೆಗೆ ಹೋಗುತ್ತಿದ್ದೇನೆ.’

ಅಂದು ಹಾಜರಿ ಕರೆಯುವಾಗ ಟೀಚರ್ ಒಂದೊಂದು ಹೆಸರಿಗೂ ತಲೆಯೆತ್ತಿ ಮಕ್ಕಳ ಮುಖ ನೋಡುತ್ತಿದ್ದರು.