ಹದಿನಾರರ ಯಜಮಾನ

ಚಲುವಮ್ಮ ಈಗ ಯಾರ ಮಕ್ಕಳನ್ನೂ ಹೊಗಳುವುದಿಲ್ಲ. ನಮ್ಮ ಅಂಗನವಾಡಿಯ ಮುಂದೆ ಯಾರಾದರೂ "ನಮ್ಮ ಪಾಪು ಭಾರೀ ಜಾಣ" ಎಂದರೆ ಸಾಕು, "ಹಂಗೆಲ್ಲ ಅನ್ಬೇಡ್ರವ್ವ" ಎಂದು ಬಿರಬಿರನೆ ನಡೆದುಬಿಡುತ್ತಾಳೆ. ದೃಷ್ಟಿಯಾಗುತ್ತದೆಂದು ಹೇಳುತ್ತಾಳೇನೋ ಅಂತ ಹೊಸಬರು ಅಂದುಕೊಳ್ಳುತ್ತಾರೆ. ಅವಳ ಮಗ ಸುದೀಪನ ಮೇಲೆ ಇವತ್ತು ದೊಡ್ಡವರ ಮೇಲೆ ನಡೆಯುವಂಥ ಕೊಲೆ ವಿಚಾರಣೆ ನಡೆಯುತ್ತಿರುವುದು ಅವಳು ಹೊಗಳಿದ್ದರಿಂದ. ಆ ಹೊಗಳಿಕೆಯಲ್ಲಿ ನನ್ನದೂ ಒಂದು ಪಾಲಿದೆ. ಅದಕ್ಕೇ ಬರೆಯುತ್ತಿದ್ದೇನೆ.

ಅರಕಲಗೂಡು ಕಡೆಯಿಂದ ಬಂದು ಕುಶಾಲನಗರದ ಆಚೆ ಹೊಲ ಮಾಡಿಕೊಂಡ ಮನೆ ಅವರದು. ಗಂಡ ಸಣ್ಣಸ್ವಾಮಿ ತೀರಿಕೊಂಡಾಗ ಸುದೀಪನಿಗೆ ಹತ್ತು ವರ್ಷ, ತಂಗಿ ಹರ್ಷಿತಾಗೆ ನಾಲ್ಕು. ತಿಥಿ ಮುಗಿದ ಮಾರನೆಯ ದಿನ ತಂಗಿಯ ಕೈ ಹಿಡಿದು ಅಂಗನವಾಡಿಗೆ ತಂದು ಬಿಟ್ಟವನು ಅವನೇ. ರಿಜಿಸ್ಟರಿನಲ್ಲಿ ಪೋಷಕರ ಸಹಿಯ ಜಾಗ ನೋಡಿ, "ನಾನೇ ಹಾಕ್ಲಾ ಟೀಚರ್?" ಎಂದ. ನಾನು ನಕ್ಕು ಹಾಕಿಸಿದೆ.

ಅಲ್ಲಿಂದ ಮುಂದೆ ಆ ಮನೆಯ ಸಕಲವೂ ಅವನದೇ. ಗ್ಯಾಸ್ ಬುಕ್ ಮಾಡುವುದು, ಶುಂಠಿಗೆ ಔಷಧಿ ಹೊಡೆಯುವುದು, ತಂಗಿಯ ಜಡೆ ಹೆಣೆಯುವುದು, ಬೆಳಿಗ್ಗೆ ಎದ್ದು ತಾಯಿಗೆ ಬಿ.ಪಿ. ಮಾತ್ರೆ ಕೊಡುವುದು. ಚಲುವಮ್ಮನಿಗೆ ಅದು ತಮಾಷೆಯೂ ಹೌದು, ಹೆಮ್ಮೆಯೂ ಹೌದು. ಏನು ಕೇಳಿದರೂ "ತಡೀರಿ, ನಮ್ಮ ಯಜಮಾನ್ರು ಇಸ್ಕೂಲಿಂದ ಬರ್ಲಿ" ಎನ್ನುತ್ತಿದ್ದಳು. ಹೆತ್ತವರಿಗೆ ಹೆಗ್ಗಣ ಮುದ್ದು ಎಂದು ನಾವೆಲ್ಲ ಆಡಿಕೊಳ್ಳುತ್ತಿದ್ದೆವು. ನಿಜ ಹೇಳಬೇಕೆಂದರೆ ನನಗೆ ಹೊಟ್ಟೆಕಿಚ್ಚಾಗುತ್ತಿತ್ತು. ನನ್ನ ಮಗ ತಿಂದ ತಟ್ಟೆ ಎತ್ತುವವನಲ್ಲ.

ಜಗಳ ನಡೆದ ಆ ಮಾರ್ಚಿನಲ್ಲಿ ಸುದೀಪನಿಗೆ ಹದಿನಾರು ವರ್ಷ ಎಂಟು ತಿಂಗಳು. ಅವರ ಹೊಲಕ್ಕೂ ಪಕ್ಕದ ಜವರನ ಹೊಲಕ್ಕೂ ನೀರಿಗೆ ಒಂದೇ ಪೈಪು, ದಿನಕ್ಕೊಬ್ಬರ ಸರದಿ. ಜವರನ ಮಗ ಲೋಹಿತ್ ತನ್ನ ಸರದಿ ಮುಗಿದರೂ ಪೈಪು ಬಿಡಲಿಲ್ಲ. ಕೇಳಲು ಹೋದ ಸುದೀಪನ ಎದುರೇ ಚಲುವಮ್ಮನ ಮೇಲೆ ಆಡಬಾರದ ಮಾತು ಆಡಿದ. ಸುದೀಪ ಗುದ್ದಲಿಯ ಕಾವಿನಿಂದ ಅವನ ತಲೆಗೆ ಹೊಡೆದ. ಎರಡು ಏಟು. ಮೂರನೆಯ ದಿನ ಲೋಹಿತ್ ಮೈಸೂರಿನ ಆಸ್ಪತ್ರೆಯಲ್ಲಿ ಸತ್ತ. ಇಪ್ಪತ್ತೆರಡರ ಹುಡುಗ. ಅವನ ತಾಯಿ ಅತ್ತದ್ದನ್ನು ನಾನು ಕಿವಿಯಾರೆ ಕೇಳಿದ್ದೇನೆ, ಅದನ್ನು ಮರೆತು ಈ ಕತೆ ಹೇಳುತ್ತಿಲ್ಲ.

ಹದಿನೆಂಟು ತುಂಬದವನೆಂದು ಸುದೀಪನನ್ನು ಬಾಲಮಂದಿರಕ್ಕೆ ಕಳಿಸಿದರು. ಮಕ್ಕಳಿಗೆ ಹೆಚ್ಚೆಂದರೆ ಮೂರು ವರ್ಷ ಎಂದು ಯಾರೋ ಹೇಳಿದ್ದನ್ನು ಹಿಡಿದುಕೊಂಡು ನಾವು ಸಮಾಧಾನಪಟ್ಟೆವು. ಹದಿನಾರು ದಾಟಿದವನು ಕೊಲೆಯಂಥದ್ದು ಮಾಡಿದರೆ ಕಾನೂನು ಬೇರೆ ಎಂದು ಗೊತ್ತಿರಲಿಲ್ಲ. ಮಾಡಿದ್ದರ ಪರಿಣಾಮ ತಿಳಿಯುವ ಬುದ್ಧಿ ಅವನಿಗಿತ್ತೇ ಎಂದು ಮೊದಲು ಅಳೆಯುತ್ತಾರಂತೆ. ಇತ್ತು ಎಂದಾದರೆ ದೊಡ್ಡವರ ಹಾಗೆಯೇ ವಿಚಾರಣೆ, ದೊಡ್ಡವರ ಹಾಗೆಯೇ ಜೈಲು.

ಹೀಗೆ ಅಳೆಯುವುದಕ್ಕೆಂದೇ ಬಾಲ ನ್ಯಾಯ ಮಂಡಳಿಯ ಕಡೆಯಿಂದ ಪ್ರೊಬೇಷನ್ ಅಧಿಕಾರಿ ಮನೆಗೆ ಬಂದರು. ಮೆದು ಮಾತಿನ ಹೆಂಗಸು. ಚಲುವಮ್ಮ ಕಾಫಿ ಕೊಟ್ಟು, ನನ್ನನ್ನೂ ಪಕ್ಕದಲ್ಲಿ ಕೂರಿಸಿಕೊಂಡಳು. "ಮಗ ಹೇಗಿದ್ದ?" ಎಂದು ಅವರು ಕೇಳಿದ್ದೇ ತಡ, ಸಂಬಂಧ ಕೇಳಲು ಬಂದವರ ಮುಂದೆ ಹೇಳುವ ಹಾಗೆ ಶುರುಮಾಡಿದಳು. ಒಳ್ಳೆಯವನೆಂದು ತಿಳಿದರೆ ಬಿಟ್ಟುಬಿಡುತ್ತಾರೆ ಅಂತ ಅವಳ ಲೆಕ್ಕ.

"ಅವ್ನು ಮಗೂನೇ ಅಲ್ಲ ಮೇಡಂ, ಮನೆ ಯಜಮಾನ. ಹತ್ತು ವರ್ಸಕ್ಕೇ ದೊಡ್ಡೋರ ಬುದ್ಧಿ. ಯೋಚ್ನೆ ಮಾಡ್ದೆ ಒಂದು ಕಡ್ಡಿ ಆಚೆ ಈಚೆ ಇಡೋನಲ್ಲ."

ನಾನು ಸುಮ್ಮನಿದ್ದೆನೇ? "ಹೌದು ಮೇಡಂ, ಒಳ್ಳೇದು ಕೆಟ್ಟದ್ದು ಎಲ್ಲಾ ತಿಳ್ದಿರೋ ಹುಡ್ಗ" ಎಂದೆ.

ಅವರು ಪೆನ್ನು ನಿಲ್ಲಿಸಿ, "ಸರಿಯಾಗಿ ಯೋಚ್ನೆ ಮಾಡಿ ಹೇಳ್ತಿದ್ದೀರಾ?" ಎಂದರು. ನಮ್ಮನ್ನು ಎಚ್ಚರಿಸಲು ನೋಡಿದರೋ ಏನೋ. "ದೇವ್ರಾಣೆ ಮೇಡಂ" ಎಂದಳು ಚಲುವಮ್ಮ.

ದೊಡ್ಡವರ ಹಾಗೆಯೇ ವಿಚಾರಣೆಯಾಗಲಿ ಎಂದು ಮಂಡಳಿಯ ಆದೇಶ ಬಂದಾಗ ನಮ್ಮ ವಕೀಲ ಜಯಪ್ರಕಾಶ್ ಮಡಿಕೇರಿ ಕೋರ್ಟಿನ ಜಗಲಿಯಲ್ಲೇ ಓದಿ ಹಣೆ ಚಚ್ಚಿಕೊಂಡರು. "ಯಾರಮ್ಮ ನಿಮ್ಗೆ ಇದನ್ನೆಲ್ಲ ಹೇಳೋಕೆ ಹೇಳಿದ್ದು? ನಿಮ್ಮ ಮಗನ್ನ ನೀವೇ ದೊಡ್ಡೋನು ಅಂತ ಬರ್ಸಿದ್ದೀರಲ್ಲ!" ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ಇನ್ನು ಉಳಿದದ್ದು ಒಂದೇ ಅವಕಾಶ. ಮಕ್ಕಳ ನ್ಯಾಯಾಲಯದ ನ್ಯಾಯಾಧೀಶರು ಇನ್ನೊಮ್ಮೆ ನೋಡುತ್ತಾರೆ, ಅವರ ಕಣ್ಣಿಗೆ ಸುದೀಪ ಮಗುವಾಗಿ ಕಾಣಬೇಕು ಎಂದರು.

ಆ ನ್ಯಾಯಾಧೀಶರ ಮುಂದೆ ನಿಲ್ಲಬೇಕಾದ ದಿನ ಬಸ್ಸಿನಲ್ಲಿ ಮಡಿಕೇರಿ ಮುಟ್ಟುವವರೆಗೂ ಚಲುವಮ್ಮ ಮಗನ ಹುಡುಗಾಟ ಹುಡುಕಿದಳು. "ಕರು ಸತ್ತಾಗ ಮೂರು ದಿನ ಉಣ್ಣಲಿಲ್ಲ, ಹೇಳ್ಬೋದಾ ಟೀಚರ್?" ಹೇಳಿ ಎಂದೆ. "ಗುಡುಗಿದ್ರೆ ಮೊನ್ನೆ ಮೊನ್ನೆವರ್ಗೂ ನನ್ನ ಸೆರಗು ಹಿಡ್ಕೊಂಡು ಮಲಗ್ತಿದ್ದ. ಇದು?" ಅದನ್ನೂ ಹೇಳಿ ಎಂದೆ. ಅಷ್ಟಕ್ಕೇ ಮುಗಿಯಿತು, ಮತ್ತೇನೂ ಸಿಗಲಿಲ್ಲ. ಹೆತ್ತ ಮಗ ಮಗುವೆನ್ನುವುದಕ್ಕೆ ಪುರಾವೆ ತಡಕಾಡುವ ತಾಯಿಯ ಪಕ್ಕ ಕೂತು ನಾನೂ ತಡಕಾಡಿದೆ.

ಅವಳ ಬಿ.ಪಿ. ನೆಪದಲ್ಲಿ ನನ್ನನ್ನೂ ಒಳಗೆ ಬಿಟ್ಟರು. ಚಲುವಮ್ಮ ಕಟಕಟೆ ಹಿಡಿದು ನಿಂತಳು. "ಅವ್ನಿನ್ನೂ ಮಗು ಸ್ವಾಮಿ. ಗುಡುಗಿದ್ರೆ ನನ್ನ ಸೆರಗು ಹಿಡ್ಕೊಂಡು ಮಲಗೋನು." ಎದುರಿಗೆ ಕೂತಿದ್ದ ಸುದೀಪ ನಾಚಿಕೆಯಿಂದ ತಲೆ ತಗ್ಗಿಸಿದ. ಮೀಸೆ ಚಿಗುರುತ್ತಿತ್ತು.

ನ್ಯಾಯಾಧೀಶರು ಕಡತ ತಿರುವಿದರು. "ಮೊದಲು ಮನೆ ಯಜಮಾನ ಅಂದಿದ್ದೀರಿ. ಈಗ ಮಗು ಅಂತೀರಿ. ಯಾವುದಮ್ಮ ನಿಜ?"

"ಎರಡೂ ದಿಟ ಸ್ವಾಮಿ" ಎಂದಳು. "ಮನೇಲಿ ದೊಡ್ಡೋರು ಯಾರೂ ಇರ್ಲಿಲ್ಲ. ಅದಕ್ಕೇ ಅವ್ನು ದೊಡ್ಡೋನಾದ."

ನ್ಯಾಯಾಧೀಶರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ಗೆದ್ದೆವು ಅಂದುಕೊಂಡೆ.

ಅಷ್ಟರಲ್ಲಿ ಚಲುವಮ್ಮ ತೂರಾಡಿದಳು. ಯಾರೂ ಅಲ್ಲಾಡುವ ಮುಂಚೆ ಸುದೀಪ ಎದ್ದು ನಿಂತಿದ್ದ. "ಅವ್ವ, ಬೆಳಿಗ್ಗೆ ಮಾತ್ರೆ ನುಂಗಿಲ್ಲ ಅಲ್ವಾ? ಟೀಚರ್, ಬ್ಯಾಗಿನ ಸಣ್ಣ ಜಿಪ್ಪಲ್ಲಿ ಐತೆ ನೋಡಿ, ಬಿಳೀದು. ಕೊಟ್ಟು, ಮೂರು ಗಂಟೆ ಬಸ್ಸಿಗೇ ಕೂರ್ಸಿ. ಹರ್ಷಿತಾ ಬರೋ ಹೊತ್ಗೆ ಬಾಗ್ಲು ತೆಗೆದಿರ್ಬೇಕು."

ಮಾತ್ರೆ ಅವನು ಹೇಳಿದ ಜಾಗದಲ್ಲೇ ಇತ್ತು. ನ್ಯಾಯಾಧೀಶರು ಅವನನ್ನೇ ಸ್ವಲ್ಪ ಹೊತ್ತು ನೋಡಿ, ಕನ್ನಡಕ ಹಾಕಿಕೊಂಡು, ಬರೆಯತೊಡಗಿದರು.

ಚಲುವಮ್ಮ ಆ ಪೆನ್ನನ್ನೇ ನೋಡಿದಳು. ಗಂಡ ಸತ್ತ ಮೇಲೆ ಒಂದು ದಿನವೂ ಮಗನನ್ನು ಗದರಿದವಳಲ್ಲ. "ಬಾಯಿ ಮುಚ್ಚೋ!" ಎಂದು ಕಿರುಚಿದಳು. "ನಿಂಗೇನೋ ಗೊತ್ತು? ಮಗು ಕಣೋ ನೀನು!"

"ಆಯ್ತವ್ವ" ಎಂದ ಸುದೀಪ. "ಮೊದ್ಲು ಮಾತ್ರೆ ನುಂಗು."