ದೊಡ್ಡವ್ವನ ತಲೆ ಹುಡುಕುವ ಕರಿಬಸಮ್ಮ

ಮಧುಗಿರಿ ಊರಾಚೆಯ ಶೆಡ್ಡಿನ ಕಿಟಕಿಗೆ ಎಳೆಬಿಸಿಲು ಬರುವಷ್ಟರಲ್ಲಿ ಕರಿಬಸಮ್ಮ ಗೋಣಿಚೀಲ ಹಾಸಿ ಕೂತಾಗಿದೆ. ಎದುರಿಗೆ ಕುರಿಮರಿ ಗಾತ್ರದ ಕಲ್ಲು, ಕೈಯಲ್ಲಿ ದಬ್ಬಳ. ಕಲ್ಲು ಯಾವುದು, ಮೂಳೆ ಯಾವುದು ಎಂದು ಓರೆಬಿಸಿಲಿನಲ್ಲೇ ಚೆನ್ನಾಗಿ ತಿಳಿಯುವುದು. ಅನುಮಾನ ಬಂದರೆ ಚೂರನ್ನು ನಾಲಿಗೆಗೆ ಮುಟ್ಟಿಸುತ್ತಾರೆ. "ಮೂಳೆ ಆದ್ರೆ ನಾಲ್ಗೆಗೆ ಕಚ್ಕಂತದೆ, ಕಲ್ಲಾದ್ರೆ ಇಲ್ಲ," ಎನ್ನುತ್ತಾರೆ, ಸಾರಿನ ಉಪ್ಪು ನೋಡಿದಷ್ಟೇ ಸಲೀಸಾಗಿ.

ಮೂಳೆ ಅಂತಿಂಥವರದಲ್ಲ. ಕೋಟ್ಯಂತರ ವರ್ಷಗಳ ಹಿಂದೆ ಗೋದಾವರಿ ಸೀಮೆಯಲ್ಲಿ ಸೊಪ್ಪು ಮೇಯ್ದುಕೊಂಡಿದ್ದ ಉದ್ದ ಕತ್ತಿನ ಡೈನೋಸಾರಿನದು. ಪುಸ್ತಕದವರಿಗೆ ಅದು ಸಾರೋಪಾಡ್, ಕರಿಬಸಮ್ಮನಿಗೆ ದೊಡ್ಡವ್ವ. ದಿನಕ್ಕೆ ಆರು ಗಂಟೆ ಕೆರೆದರೆ ಅಂಗೈಯಗಲ ಮೂಳೆ ಹೊರಬರುತ್ತದೆ. ಒಂಬತ್ತು ವರ್ಷದಲ್ಲಿ ಬಾಲ, ಕಾಲು, ಕತ್ತಿನ ಹನ್ನೆರಡು ಮೂಳೆ ಎಲ್ಲ ಬಂದಿವೆ. ತಲೆಯೊಂದು ಬಂದಿಲ್ಲ.

ಅವರ ಊರು ವೈ.ಎನ್.ಹೊಸಕೋಟೆ ಕಡೆ. ಇಪ್ಪತ್ತೆರಡು ವರ್ಷದ ಹಿಂದೆ, ಕಡಲೆಕಾಯಿ ಕಿತ್ತಾದ ಮೇಲೆ, ಮೇಸ್ತ್ರಿಯೊಬ್ಬನ ಜೊತೆ ಗೋದಾವರಿ ಕಡೆ ಅಗೆಯುವ ಕೂಲಿಗೆ ಹೋದರು. ಮಣ್ಣಿನಲ್ಲಿ ಉಳಿದ ಕಾಯಿ ಹುಡುಕಿ ಪಳಗಿದ ಬೆರಳು. ಮೂಳೆ ಆಯುವುದರಲ್ಲಿ ಅವರನ್ನು ಮೀರಿಸುವವರಿರಲಿಲ್ಲ. ಆ ಜಾಣತನವೇ ಮುಳುವಾಯಿತು. ಊರಿಂದ ಒಯ್ದಿದ್ದ ದೊಡ್ಡ ಕಣ್ಣಿನ ಕಡಲೆಕಾಯಿ ಜರಡಿಯಲ್ಲೇ ಮಣ್ಣು ಜರಡಿ ಹಿಡಿದರು.

"ದಪ್ಪಾನೆವು ಮಡೀಕಂಡು ಕೆಳೀಕೆ ಬಿದ್ದಿದ್ದೆಲ್ಲ ಚೆಲ್ಬುಟ್ಟೆ. ಜೊಳ್ಳು ಯಾರಾನ ಇಟ್ಕಂತಾರಾ?"

ಅಲ್ಲಿ ಅಗೆದ ಕಲ್ಲುಗಳನ್ನು ಆಮೇಲೆ ಈ ಶೆಡ್ಡಿಗೆ ತಂದರು. ಒಂಬತ್ತು ವರ್ಷದ ಹಿಂದೆ ಅವನ್ನು ಕೆರೆಯುವ ಕೆಲಸಕ್ಕೆ ಕರಿಬಸಮ್ಮ ಸೇರಿದ ಮೇಲೆ ಇಲ್ಲಿನ ಭೂವಿಜ್ಞಾನಿ ಗೌರೀಶ್ ಒಂದು ಚಿತ್ರ ತೋರಿಸಿದರು: ದೊಡ್ಡವ್ವನಂಥದರ ಬೆರಳ ತುದಿಯಷ್ಟು ಸಣ್ಣ, ಚಮಚದಂಥ ಹಲ್ಲು. ಅಂಥವನ್ನು ಕರಿಬಸಮ್ಮ ಬೊಗಸೆಗಟ್ಟಲೆ ಎಸೆದಿದ್ದರು. ಅವತ್ತೇ ಹೋಗಿ ತಪ್ಪೊಪ್ಪಿಕೊಂಡರು. "ತಲೆ ಮೂಳೆ ತೆಳು ಕರಿಬಸಮ್ಮ, ಸಿಗೋದೇ ಅಪರೂಪ. ನಿಮ್ಮಿಂದಲೇ ಹೋಯ್ತು ಅಂತ ಯಾಕೆ ಕೊರಗ್ತೀರಿ?" ಎಂದರು ಗೌರೀಶ್. ಆದರೆ ಕೊರಗು ಹೇಳಿದ ಮಾತು ಕೇಳುತ್ತದೆಯೇ? ಅಂದಿನಿಂದ ಪ್ರತಿ ಕಲ್ಲಿನ ಪುಡಿಯನ್ನೂ ಟೀ ಸೋಸುವ ಜಾಲರಿಯಲ್ಲಿ ಹಿಡಿಯುತ್ತಾರೆ. ಒಂದು ಹಲ್ಲಾದರೂ ಸಿಕ್ಕೀತೇನೋ ಎಂಬ ಆಸೆ. ಮಗಳ ಮನೆಗೆ ಹೋದರೂ ಎರಡು ದಿನಕ್ಕೇ ಜೀವ ತಡೆಯದೆ ವಾಪಸು ಬರುತ್ತಾರೆ.

ಈಗ ಎದುರಿಗಿರುವುದು ಕೊನೆಯ ಕಲ್ಲು. ಒಳಗಿರುವುದು ಪಕ್ಕೆಲುಬು ಎಂದು ಮೊನ್ನೆ ಖಾತ್ರಿಯಾಯಿತು. ಆ ಮಧ್ಯಾಹ್ನ ಕರಿಬಸಮ್ಮ ಊಟ ಮಾಡಲಿಲ್ಲ. ಮುಂದಿನ ತಿಂಗಳು ಮೂಳೆಗಳನ್ನೆಲ್ಲ ಜೋಡಿಸಿ, ಜನ ನೋಡಲೆಂದು ದೊಡ್ಡವ್ವನನ್ನು ನಿಲ್ಲಿಸುತ್ತಾರೆ. ಫೈಬರ್ ತಲೆ ಮಾಡಲು ಶಿರಾದ ಕುಶಲಕರ್ಮಿ ನಯಾಜ್ ಅಳತೆ ತೆಗೆದುಕೊಂಡು ಹೋಗಿದ್ದಾರೆ. ಅದು ಚೆಂದವೇ ಬರುತ್ತದೆ, ಅದರಲ್ಲಿ ಕರಿಬಸಮ್ಮನಿಗೆ ಅನುಮಾನವಿಲ್ಲ. ಆದರೂ ಗೌರೀಶರನ್ನು ಒಂದು ಮಾತು ಬೇಡಿಕೊಂಡಿದ್ದಾರೆ. ಅವರಿನ್ನೂ ಹೂಂ ಅಂದಿಲ್ಲ.

"ತಲೆ ಇಲ್ದಂಗೇ ನಿಲ್ಸಿ ಸಾ. ಸುಳ್ ತಲೆ ಮಡಗಿದ್ರೆ ಎಲ್ರೂ ನೋಡ್ಕಂಡು ಮನೀಗೋಯ್ತಾರೆ. ಕತ್ತು ಬರಿದಾಗಿದ್ರೆ ಯಾರಾನ ಒಬ್ರು ಹುಡ್ಕಂಡು ಹೋಯ್ತಾರೆ."