ಅಪ್ಪಣೆಯಿಲ್ಲದೆ ಕೂರದವನು

ಆಜ್ಞೆ ಮೀರಿದ ತಪ್ಪಿಗೆ ತೋಳಿನ ಮೇಲಿನ ದರ್ಜೆಯ ಪಟ್ಟಿ ಕಳೆದುಕೊಂಡು ಸೇನಾ ನ್ಯಾಯಮಂಡಳಿಗೆ ಮೇಲ್ಮನವಿ ಹಾಕಿಕೊಂಡಿರುವ ಈ ಹವಾಲ್ದಾರನಷ್ಟು ವಿಧೇಯನನ್ನು ವಕೀಲಮ್ಮ ತಮ್ಮ ಜನ್ಮದಲ್ಲೇ ಕಂಡಿಲ್ಲ. ಕೂತ್ಕೊಳ್ಳಿ ಅನ್ನದೆ ಕೂರುವುದಿಲ್ಲ, ಕೂತರೆ ಏಳಿ ಅನ್ನದೆ ಏಳುವುದಿಲ್ಲ; ಒಮ್ಮೆ ಅವರು ಇವನನ್ನು ಮರೆತು ಮನೆಗೆ ಹೋಗಿ ಉಂಡು ಬಂದರೂ ಕುರ್ಚಿಯ ತುದಿಯಲ್ಲಿ ಹಾಗೇ ಇದ್ದ. ಬಸ್ಸಿನಲ್ಲಿ ಕಂಡಕ್ಟರ್ ಮುಂದೆ ಹೋಗಿ ಎಂದರೆ ಮೂಗು ಗಾಜಿಗೆ ತಾಗುವವರೆಗೂ ಹೋಗುತ್ತಾನೆ. "ಹಾಲು ನೋಡ್ಕೊಳ್ಳಿ ಅಂದ್ರೆ ಉಕ್ಕಿ ಚೆಲ್ಲೋವರೆಗೂ ನೋಡ್ತಾನೇ ನಿಂತಿರ್ತಾರೆ. ಒಲೆ ಆರ್ಸಿ ಅಂತ ನಾನು ಹೇಳಿರ್ಲಿಲ್ವಂತೆ" ಎಂದು ಹೆಂಡತಿ ವಕೀಲಮ್ಮನ ಮುಂದೆ ಗೋಳು ತೋಡಿಕೊಂಡಿದ್ದಾಳೆ. ಇಂಥವನು ಹುಟ್ಟಿದಾರಭ್ಯ ಮೀರಿದ್ದು ಒಂದೇ ಆಜ್ಞೆ: ಸಾಮಾನು ಹೊರುವ ಹೇಸರಗತ್ತೆ ಕುಂಟತೊಡಗಿದಾಗ, ಅದನ್ನು ಹಿಮದಲ್ಲೇ ಬಿಟ್ಟು ಬಾ ಎಂದು ಮೇಲಧಿಕಾರಿ ಹೇಳಿದ್ದು. ಇವನು ಅದರ ಹೊರೆಯನ್ನು ತಾನೇ ಹೊತ್ತು, ಅದರ ಹೆಜ್ಜೆಗೆ ಹೆಜ್ಜೆ ಹಾಕುತ್ತ, ತುಕಡಿಯೆಲ್ಲ ಬಂದು ಮಲಗಿ ಎದ್ದ ಮೇಲೆ ಶಿಬಿರ ಸೇರಿದ. ಮತ್ತೆ ಮೀರಲ್ಲ ಅಂತ ಒಂದು ಮಾತು ಹೇಳಿಬಿಡಿ, ಪಟ್ಟಿ ವಾಪಸ್ ಬರುತ್ತೆ ಎಂದು ವಕೀಲಮ್ಮ ವಾರವಿಡೀ ಗಿಣಿಪಾಠ ಮಾಡಿಸಿದ್ದರು. ವಿಚಾರಣೆಯ ದಿನ ನ್ಯಾಯಾಧೀಶರು, "ಇನ್ನೊಂದ್ಸಲ ಅಂಥ ಆಜ್ಞೆ ಬಂದ್ರೆ ಏನ್ಮಾಡ್ತೀರಿ?" ಎಂದು ಕೇಳಿದರು. ಹವಾಲ್ದಾರ ಹಿಮ್ಮಡಿ ಜೋಡಿಸಿ, ಎದೆ ಸೆಟೆಸಿ ನಿಂತ. "ತಮ್ಮ ಅಪ್ಪಣೆ ಆದ್ರೆ, ಮತ್ತೆ ಮೀರ್ತೀನಿ ಸಾರ್."